ಛತ್ರಿಯನ್ನು ಕುಡುಗೋಲು ಮಾಡಿದ ಅರ್ಜಿ

ನಮ್ಮ ನಡುಮನೆಯ ಬಾಗಿಲ ಹಿಂದೆ ಒಂದು ಮೊಳೆಯಿದೆ. ಆ ಮೊಳೆಗೆ ಒಂದು ಛತ್ರಿ ತೂಗುಬಿದ್ದಿದೆ. ಬೆತ್ತದ ಹಿಡಿ, ಮುರಿದ ಎರಡು ಕಡ್ಡಿ, ಒಂದು ಕಾಲಕ್ಕೆ ಕಪ್ಪಾಗಿದ್ದು ಈಗ ಯಾವ ಬಣ್ಣವೆಂದು ಹೇಳಲು ಬಾರದ ಬಟ್ಟೆ. ಬಿಚ್ಚಿ ಹಿಡಿದರೆ ಐದಾರು ಕಡೆ ಆಕಾಶ ಕಾಣುತ್ತದೆ. ಪ್ರತಿ ಯುಗಾದಿಯ ಮುಂಚೆ ಮನೆ ತೊಳೆಯುವಾಗ ಸೊಸೆ ಅದನ್ನು ಇಳಿಸಿ ಅಂಗಳದ ಮೂಲೆಯಲ್ಲಿ ಹಾಕುತ್ತಾಳೆ. ಹಾಕಿ ಒಂದು ಸಲ ನನ್ನ ಮುಖ ನೋಡುತ್ತಾಳೆ. ನಾನು ಎದ್ದುಹೋಗಿ, ಧೂಳು ಕೊಡವಿ, ತಂದು ಮತ್ತೆ ಅದೇ ಮೊಳೆಗೆ ಸಿಕ್ಕಿಸುತ್ತೇನೆ. ಇಷ್ಟು ವರ್ಷಗಳಲ್ಲಿ ನಮ್ಮಿಬ್ಬರ ನಡುವೆ ಇದರ ಬಗ್ಗೆ ಮಾತೇ ಆಗಿರಲಿಲ್ಲ. ಮುದುಕನ ಹಟವೆಂದು ಅವಳು ಸುಮ್ಮನಿದ್ದಳು. ಹಟವಲ್ಲ, ಹೆದರಿಕೆ ಎಂದು ಹೇಳಿಕೊಳ್ಳಲು ನನಗೆ ನಾಚಿಕೆ. ನಿಮಗಾದರೆ ಹೇಳಬಹುದು, ನೀವು ನಮ್ಮ ಮನೆಯವರಲ್ಲ.

ನಾನು ಶಿಕಾರಿಪುರದಲ್ಲಿ ಕಚೇರಿಗಳ ಎದುರಿನ ಹುಣಸೆಮರದ ಕೆಳಗೆ ಕುಳಿತು ಅರ್ಜಿ ಬರೆದುಕೊಟ್ಟು ಸಂಸಾರ ಸಾಗಿಸಿದವನು. ಈಗ ಹೇಳುವ ಸಂಗತಿ ಐವತ್ತರ ದಶಕ ಮುಗಿಯುತ್ತ ಬಂದ ಕಾಲದ್ದು. ಕನ್ನಡದ ಸೀಮೆಗಳೆಲ್ಲ ಒಂದು ರಾಜ್ಯವಾಗಿ ಎರಡು ಮೂರು ವರ್ಷ ಕಳೆದಿತ್ತಾದರೂ ನಮ್ಮ ಕಡೆಯ ರೈತನಿಗೆ ಸರ್ಕಾರವೆಂದರೆ ಅಮಲ್ದಾರರು, ಶಾನುಭೋಗರು ಮತ್ತು ಠಾಣೆಯ ದಫೇದಾರರು, ಅಷ್ಟೇ. ಈ ಮೂವರ ಮುಂದೆ ಬರಿಬಾಯಲ್ಲಿ ನಿಲ್ಲಲು ಅಳುಕುವ ಮನುಷ್ಯ ಮೊದಲು ನನ್ನ ಮುಂದೆ ಬಂದು ಕುಕ್ಕರಗಾಲಲ್ಲಿ ಕೂರುತ್ತಿದ್ದ. ಅಂಜನಾಪುರದ ನಾಲೆಯ ನೀರು ತನ್ನ ಗದ್ದೆ ಮುಟ್ಟುವಷ್ಟರಲ್ಲಿ ಬತ್ತಿಹೋಗುತ್ತದೆಂದು ಒಬ್ಬ, ತೀರಿಹೋದ ಅಪ್ಪನ ಹೆಸರಿನಿಂದ ಖಾತೆ ತನ್ನ ಹೆಸರಿಗಾಗಲಿಲ್ಲವೆಂದು ಇನ್ನೊಬ್ಬ, ಪಕ್ಕದವನು ವರ್ಷವರ್ಷವೂ ಬದು ಕೆತ್ತುತ್ತ ಒಳಗೆ ಬರುತ್ತಿದ್ದಾನೆಂದು ಮತ್ತೊಬ್ಬ. ಅವರು ಬಯ್ಯುತ್ತ, ಕಣ್ಣೊರೆಸಿಕೊಳ್ಳುತ್ತ, ನಡುವೆ ಎದ್ದುಹೋಗಿ ಎಲೆಯಡಿಕೆ ಉಗಿದು ಬಂದು ಹೇಳಿದ್ದನ್ನೆಲ್ಲ ನಾನು 'ಸನ್ನಿಧಾನಕ್ಕೆ ಅರಿಕೆ ಮಾಡಿಕೊಳ್ಳುವುದೇನೆಂದರೆ' ಎಂದು ಆರಂಭಿಸಿ ಒಂದು ಹಾಳೆಯಲ್ಲಿ ಕೂರಿಸುತ್ತಿದ್ದೆ. ನನ್ನ ಅಕ್ಷರ ದುಂಡಗಿತ್ತು, ಆ ದುಂಡಗಿನ ಅಕ್ಷರದ ಬಗ್ಗೆ ನನಗೆ ಸಾಕಷ್ಟು ಜಂಬವೂ ಇತ್ತು.

ನಮ್ಮ ಕಸುಬಿನವರಿಗೆಲ್ಲ ಒಂದು ಸಾಲು ಕೈಗೆ ಹತ್ತಿತ್ತು. ಅದು ಯಾಕೆ ಬೇಕಾಯಿತೆಂದು ಹೇಳಬೇಕು. ಜಮೀನಿನ ತಕರಾರು ಹೊತ್ತು ಠಾಣೆಯ ಮೆಟ್ಟಿಲು ಹತ್ತಿದವನಿಗೆ ಅಲ್ಲಿ ಸಿಗುತ್ತಿದ್ದ ಉತ್ತರ ಒಂದೇ: ಇದು ಸಿವಿಲ್ ವ್ಯಾಜ್ಯ, ಕೋರ್ಟಿಗೆ ಹೋಗಿ. ಉತ್ತರ ನ್ಯಾಯವಾದದ್ದೇ. ಗದ್ದೆ ಯಾರದೆಂದು ತೀರ್ಮಾನಿಸಲು ಖಾಕಿ ತೊಟ್ಟವನಿಗೆ ಅಧಿಕಾರವಿಲ್ಲ, ಇರಲೂಬಾರದು. ಆದರೆ ಕೋರ್ಟಿನ ದಾರಿ ಎಷ್ಟು ಉದ್ದವೆಂದರೆ ಹೊರಟವನು ಒಬ್ಬ, ತಲುಪುವವನು ಅವನ ಮಗ. ಪೊಲೀಸರಾದರೋ ಇವತ್ತು ಅರ್ಜಿ ಕೊಟ್ಟರೆ ನಾಳೆ ಬೆಳಗ್ಗೆ ಸೈಕಲ್ಲೇರಿ ಬಂದು ಬದುವಿನ ಮೇಲೆ ನಿಲ್ಲುತ್ತಾರೆ. ಅವರು ಏನೂ ಮಾಡಬೇಕಾಗಿಲ್ಲ, ನಿಂತರೆ ಸಾಕು. ಅವರು ಯಾರ ಕಡೆಗೆ ಬೆನ್ನು ಮಾಡಿ ನಿಂತರೆಂಬುದರ ಮೇಲೆಯೇ ಊರು ತೀರ್ಪು ಓದಿಕೊಳ್ಳುತ್ತದೆ. ಆದ್ದರಿಂದ ಎಲ್ಲರಿಗೂ ಅವರನ್ನು ಕರೆಸುವ ಆಸೆ. ಪೊಲೀಸರು ಕೇಳುತ್ತಿದ್ದದ್ದು ಹೊಡೆದಾಟ ಆಗುತ್ತದೆಯೇ ಎಂಬ ಒಂದೇ ಪ್ರಶ್ನೆಯಾದ್ದರಿಂದ ಅದಕ್ಕೆ ಹೌದೆನ್ನುವ ಸಾಲೊಂದು ನಮ್ಮ ಲೆಕ್ಕಣಿಕೆಯ ತುದಿಯಲ್ಲಿ ಸದಾ ಸಿದ್ಧವಾಗಿರುತ್ತಿತ್ತು: 'ಎದುರು ಪಾರ್ಟಿಯವರು ಮಾರಕಾಸ್ತ್ರ ಹಿಡಿದು ಪ್ರಾಣಬೆದರಿಕೆ ಹಾಕಿರುವ ಕಾರಣ ಶಾಂತಿಭಂಗವಾಗುವ ಸಂಭವ ಕಂಡುಬರುತ್ತದೆ.' ಅಡುಗೆಗೆ ಉಪ್ಪು ಹಾಕುವಷ್ಟು ಸಹಜವಾಗಿ ನಾವದನ್ನು ಹಾಕುತ್ತಿದ್ದೆವು. ಅದು ಸುಳ್ಳೆಂದು ಒಂದು ದಿನವೂ ನನಗನ್ನಿಸಿರಲಿಲ್ಲ.

ಕಾರ್ತಿಕದ ಒಂದು ಬೆಳಗ್ಗೆ ನನ್ನ ಅಕ್ಕ ಗಂಗಮ್ಮ ಬಸ್ಸಿಳಿದು ನೇರವಾಗಿ ಹುಣಸೆಮರದ ಹತ್ತಿರ ಬಂದಳು. ಅವಳನ್ನು ಕೊಟ್ಟದ್ದು ಸೊರಬ ತಾಲ್ಲೂಕಿನ ಹೊಸಬಾಳೆಗೆ. ಮನೆಗೆ ಹೋಗಿ ಕೈಕಾಲು ತೊಳೆಯದೆ ಕಚೇರಿಯ ಎದುರು ಬಂದಳೆಂದರೆ ವಿಷಯ ಸಣ್ಣದಲ್ಲವೆಂದು ನನಗೆ ಗೊತ್ತಾಯಿತು. ಅವಳ ಗಂಡ ಬಸಪ್ಪ ಭಾವನ ಪಾಲಿಗೆ ಕೆರೆಯ ಕೆಳಗೆ ಒಂದು ಗದ್ದೆ ಬಂದಿತ್ತು. ಹಿರಿಯರು ಬಾಯಿಮಾತಿನಲ್ಲಿ ಪಾಲು ಮಾಡಿ ಹೋಗಿದ್ದರು. ಖಾತೆ ಮಾತ್ರ ದೊಡ್ಡಪ್ಪನ ಹೆಸರಿನಲ್ಲೇ ಉಳಿದಿತ್ತು. ಭಾವ ವರ್ಷಗಳಿಂದ ಉತ್ತು ಬಿತ್ತಿ ಬೆಳೆದುಕೊಂಡು ಬಂದಿದ್ದ. ದೊಡ್ಡಪ್ಪ ತೀರಿಹೋದ ಮೇಲೆ ಅವರ ಮಗ ಈರಪ್ಪನವರು, ಅಂದರೆ ಅಕ್ಕನಿಗೆ ಭಾವನವರಾಗಬೇಕಾದ ಹಿರಿಯರು, ಖಾತೆ ನಮ್ಮದು, ಈ ಸಲದ ಕೊಯ್ಲು ನಮ್ಮದು ಎಂದು ಹೊರಟಿದ್ದರು. ಅಕ್ಕನ ಮನೆಗೆ ವರ್ಷದ ಅನ್ನ ಆ ಗದ್ದೆಯೊಂದರಿಂದಲೇ. ಬೆಳೆ ಬಾಗಿ ನಿಂತಿತ್ತು, ಕೊಯ್ಲಿಗೆ ವಾರವೂ ಇರಲಿಲ್ಲ.

'ಕೊಯ್ಯೋ ದಿವಸ ಪೊಲೀಸ್ರು ಬಂದು ನಿಂತ್ಕಂಡ್ರೆ ಸಾಕು ಸಿದ್ದು. ಅವರು ನಿಂತ್ರೆ ಭಾವನೋರು ಇಳಿಯಲ್ಲ' ಎಂದಳು.

ನಾನು ಬರೆದೆ. ಅಕ್ಕನ ಕೆಲಸವೆಂದು ಎಂದಿಗಿಂತ ಚೆನ್ನಾಗಿ ಬರೆದೆ. ಆ ಸಾಲು ಬಂದಾಗ, ಮಾರಕಾಸ್ತ್ರವೆಂಬುದು ತೀರ ಸವಕಲಾಗಿದೆ, ಠಾಣೆಯವರು ಅದನ್ನು ದಿನಕ್ಕೆ ನಾಲ್ಕು ಸಲ ಓದುತ್ತಾರೆ ಎಂದುಕೊಂಡು ಕೊಯ್ಲಿನ ಕಾಲಕ್ಕೆ ಒಪ್ಪುವಂತೆ 'ಹರಿತವಾದ ಕುಡುಗೋಲು' ಎಂದು ತಿದ್ದಿದೆ. ತಿದ್ದಿ, ಅದರ ಅಂದ ನೋಡಿ, ಒಳಗೊಳಗೇ ಮೆಚ್ಚಿಕೊಂಡೆ. ಆಮೇಲೆ ಓದಿ ಹೇಳಿದೆ.

ಅಕ್ಕ ಸೆರಗನ್ನು ಬಾಯಿಗೆ ಹಿಡಿದು ಕೇಳುತ್ತಿದ್ದವಳು ತಡೆದಳು. 'ಕುಡುಗೋಲು ಎಲ್ಲಿತ್ತೋ? ಭಾವನೋರು ಬದಿನ ಮೇಲೆ ನಿಂತು ಕೂಗಾಡಿದ್ದು ನಿಜ. ಕೈಯಾಗೆ ಇದ್ದದ್ದು ಛತ್ರಿ.'

'ಛತ್ರಿ ಅಂತ ಬರೆದ್ರೆ ಪೊಲೀಸ್ರು ಬರಲ್ಲ ಅಕ್ಕ.'

'ಆದ್ರೂ ಇಲ್ಲದ್ದು...'

'ಇದು ಹಿಂಗೇ ಬರಿಯೋದು. ಎಲ್ಲಾರ್ಗೂ ಹಿಂಗೇ ಬರಿಯೋದು. ನೀನು ಹೆಬ್ಬೆಟ್ಟು ಒತ್ತು.'

ಅವಳು ಒತ್ತಿದಳು. ತಮ್ಮ ಓದಿದವನು, ಅವನಿಗೆ ಗೊತ್ತಿರುತ್ತದೆ ಎಂಬ ನಂಬಿಕೆಯಿಂದ ಒತ್ತಿದಳು. ಮಸಿಯಾದ ಹೆಬ್ಬೆರಳನ್ನು ತಲೆಗೂದಲಿಗೆ ಒರೆಸಿಕೊಂಡು, ಕಾಗದವನ್ನು ಮಡಿಸಿ ಸೊಂಟಕ್ಕೆ ಸಿಕ್ಕಿಸಿ, ಅವಳು ಶಿರಾಳಕೊಪ್ಪದ ಬಸ್ಸು ಹತ್ತಿದ್ದನ್ನು ನಾನು ನಿಂತು ನೋಡಿದೆ. ಮನಸ್ಸಿನಲ್ಲಿ ಒಂದಿಷ್ಟೂ ಕಳವಳವಿರಲಿಲ್ಲ. ಕಳವಳ ಶುರುವಾದದ್ದು ಐದನೆಯ ದಿನ, ಆ ಕಡೆಯ ಬಸ್ಸಿನ ಕಂಡಕ್ಟರು ನನ್ನ ಡೆಸ್ಕಿನ ಹತ್ತಿರ ಬಂದು, 'ನಿಮ್ಮಕ್ಕ ಹೇಳಿ ಕಳ್ಸ್ಯಾರ್ರಿ, ಕೂಡ್ಲೆ ಬರಬೇಕಂತೆ' ಎಂದಾಗ.

ಹೋಗಿ ನೋಡಿದರೆ ಗದ್ದೆಯ ನಾಲ್ಕು ಮೂಲೆಗೂ ಹುರಿಹಗ್ಗ ಕಟ್ಟಿತ್ತು. ಬದುವಿನ ಮೇಲೆ ಒಬ್ಬ ಕಾನ್‌ಸ್ಟೇಬಲ್ ಕಂಬಳಿ ಹಾಸಿಕೊಂಡು ಕುಳಿತಿದ್ದ. ನನ್ನ ಅರ್ಜಿಯನ್ನು ಸೊರಬದ ಠಾಣೆಯವರು ಓದಿದ್ದರು, ಓದಿದ್ದನ್ನು ನಂಬಿದ್ದರು. ಕುಡುಗೋಲು ಹಿಡಿದು ತಮ್ಮನ ಹೆಂಡತಿಯ ಮೇಲೆ ಹೋದವನಿದ್ದಾನೆಂದರೆ ನಾಳೆ ಕೊಲೆಯೇ ಆಗಬಹುದೆಂದು ಮ್ಯಾಜಿಸ್ಟ್ರೇಟರಿಗೆ ರಿಪೋರ್ಟು ಹೋಗಿತ್ತು. ಗದ್ದೆ ಯಾರ ಸ್ವಾಧೀನದಲ್ಲಿದೆಯೆಂದು ವಿಚಾರಣೆ ಮುಗಿಯುವವರೆಗೆ ಎರಡು ಕಡೆಯವರೂ ಅದಕ್ಕೆ ಇಳಿಯಕೂಡದೆಂದು ಹುಕುಂ ಬಂದಿತ್ತು. ನಾವು ಕೇಳಿದ್ದು ಬಂದೋಬಸ್ತು. ಸಿಕ್ಕಿದ್ದು ಬೇಲಿ, ಅದೂ ಎರಡೂ ಕಡೆಯವರನ್ನು ಹೊರಗಿಟ್ಟ ಬೇಲಿ.

ಬಸಪ್ಪ ಭಾವ ಗದ್ದೆಯ ಕಡೆ ಬೆನ್ನು ಮಾಡಿ ಜಗಲಿಯಲ್ಲಿ ಕೂತಿದ್ದ. ಅಕ್ಕ ನನ್ನನ್ನು ಹಗ್ಗದ ಹತ್ತಿರ ಕರೆದುಕೊಂಡು ಹೋಗಿ ಒಂದು ತೆನೆಯನ್ನು ತೋರಿಸಿದಳು, ಮುಟ್ಟಲಿಲ್ಲ. ನೀವು ಭತ್ತ ಬೆಳೆದವರಾದರೆ ನಾನು ವಿವರಿಸಬೇಕಾಗಿಲ್ಲ. ಹಣ್ಣಾದ ಭತ್ತಕ್ಕೆ ಕಾಯುವ ಗುಣವಿಲ್ಲ. ಇವತ್ತು ಕೊಯ್ಯದಿದ್ದರೆ ನಾಳೆ ಗಾಳಿಗೆ ಉದುರುತ್ತದೆ, ನಾಳಿದ್ದು ಹಕ್ಕಿಗೆ, ಆಚೆ ನಾಳಿದ್ದು ಹಂದಿಗೆ. ಮೇಲೆ ಮೂಡಲ ಕಡೆಯಿಂದ ಮೋಡ ಏರುತ್ತಿತ್ತು. ವಿಚಾರಣೆಯ ತಾರೀಖು ಇನ್ನೂ ಗೊತ್ತಾಗಿರಲಿಲ್ಲ.

ದಫೇದಾರರನ್ನು ಕಂಡೆ. ಒಳ್ಳೆಯ ಮನುಷ್ಯ, ದಾವಣಗೆರೆ ಸೀಮೆಯವರು. 'ನೋಡ್ರಿ, ಗದ್ದಿ ಯಾರದು ಅಂತ ಹೇಳೋದು ನನ್ನ ಕೆಲಸ ಅಲ್ಲ' ಎಂದರು. 'ಅಲ್ಲಿ ಯಾರ ತಲಿಯೂ ಒಡೀದಂಗ ನೋಡ್ಕೊಳ್ಳೋದು ನನ್ನ ಕೆಲಸ. ನೀವು ಕುಡುಗೋಲು ಅಂತ ಬರದೀರಿ. ಬರದ ಮ್ಯಾಲೆ ನಾನು ಸುಮ್ನ ಇದ್ದು, ನಾಳೆ ಏನಾರ ಆದ್ರೆ ನನ್ನ ಟೋಪಿ ಉಳಿತದೇನ್ರಿ?'

ಅದಕ್ಕಿಂತ ದೊಡ್ಡ ಸುದ್ದಿಯನ್ನು ಅವರು ಆಮೇಲೆ ಹೇಳಿದರು. ಅರ್ಜಿಯಲ್ಲಿ ಹೇಳಿದ ಆಯುಧವನ್ನು ವಶಪಡಿಸಿಕೊಳ್ಳಬೇಕಲ್ಲವೆ? ಅವರು ಈರಪ್ಪನವರ ಮನೆಗೆ ಹೋಗಿದ್ದರು. ಯಾವ ಕುಡುಗೋಲೆಂದು ಅರ್ಜಿಯಲ್ಲಿ ಇರಲಿಲ್ಲವಾದ್ದರಿಂದ ಮನೆಯಲ್ಲಿದ್ದ ಕುಡುಗೋಲುಗಳನ್ನೆಲ್ಲ ಗೋಣಿಯಲ್ಲಿ ಕಟ್ಟಿ ತಂದಿದ್ದರು. ಠಾಣೆಯ ಮೂಲೆಯಲ್ಲಿ ಆ ಗಂಟು ಕೂತಿತ್ತು. ಗೋಣಿಯ ಹೊರಗೆ ಒಂದು ಹಿಡಿ ಇಣುಕುತ್ತಿತ್ತು, ವರ್ಷಗಳ ಕೈಬೆವರಿಗೆ ನುಣುಪಾದ ಮರದ ಹಿಡಿ. ನಾನು ಕಾಗದದ ಮೇಲೆ ಹುಟ್ಟಿಸಿದ ಒಂದು ಕುಡುಗೋಲು ಅಷ್ಟು ನಿಜವಾದ ಕುಡುಗೋಲುಗಳನ್ನು ಹೊರಡಿಸಿಕೊಂಡು ಬಂದಿತ್ತು.

ಶಿಕಾರಿಪುರಕ್ಕೆ ಮರಳಿ ಹುಣಸೆಮರದ ಕೆಳಗೆ ಕೂತರೆ ಕಣ್ಣು ಮೋಡದ ಮೇಲೆ, ಕಿವಿ ಆ ಕಡೆಯ ಬಸ್ಸಿನ ಮೇಲೆ. ಯಾರೋ ಬದು ಕೆತ್ತಿದ ದೂರು ಹೇಳುತ್ತಿದ್ದರೆ ಬರೆಯುತ್ತ ಬರೆಯುತ್ತ ಆ ಸಾಲಿನ ಜಾಗಕ್ಕೆ ಬಂದು ಕೈ ನಿಂತುಬಿಡುತ್ತಿತ್ತು. ನಿಜವಾಗಿ ಅವರ ಕೈಯಲ್ಲಿ ಏನಿತ್ತು ಎಂದು ಕೇಳುತ್ತಿದ್ದೆ. ಅರ್ಜಿದಾರರು ನನ್ನನ್ನು ವಿಚಿತ್ರವಾಗಿ ನೋಡಿ, ಏನಿದ್ದರೆ ಒಳ್ಳೆಯದೋ ಅದನ್ನೇ ಬರೆಯಿರಿ ಎನ್ನುತ್ತಿದ್ದರು. ಆ ಮಾತನ್ನು ಅವರಿಗೆ ಕಲಿಸಿದವರು ನಾವೇ. ಸರ್ಕಾರ ಸಿವಿಲ್ಲಿಗೂ ಕ್ರಿಮಿನಲ್ಲಿಗೂ ನಡುವೆ ಒಂದು ಗಟ್ಟಿ ಗೋಡೆ ಕಟ್ಟಿದೆಯೆಂದು ತಿಳಿದಿತ್ತು. ನಾವು ಮರದ ಕೆಳಗೆ ಕೂತವರು ಆ ಗೋಡೆಗೆ ಸಣ್ಣದೊಂದು ಕಿಂಡಿ ಕೊರೆದು ನಮ್ಮ ಜನರನ್ನು ಒಬ್ಬೊಬ್ಬರನ್ನಾಗಿ ಆಚೆಗೆ ದಾಟಿಸುತ್ತಿದ್ದೆವು. ಉಪಕಾರವೆಂದೇ ದಾಟಿಸುತ್ತಿದ್ದೆವು. ಆಚೆಯಲ್ಲಿ ಅವರಿಗೆ ಏನಾಯಿತೆಂದು ಯಾವತ್ತೂ ಇಣುಕಿ ನೋಡಿರಲಿಲ್ಲ. ಎಷ್ಟು ಜನರ ಮನೆಯಲ್ಲಿ ಎಷ್ಟು ಕುಡುಗೋಲು ಹೋದವೋ ಎಂದು ಈಗ ಲೆಕ್ಕ ಹಾಕುತ್ತ ಕೂರುತ್ತಿದ್ದೆ.

ಮೂರನೆಯ ದಿನ ಹಗಲು ತುಂತುರು ಬಿತ್ತು. ತಡೆಯಲಾಗದೆ ಮತ್ತೆ ಹೊಸಬಾಳೆಗೆ ಹೋದೆ. ಈ ಸಲ ಅಕ್ಕನ ಮನೆಗಲ್ಲ, ಈರಪ್ಪನವರ ಮನೆಗೆ.

ಅವರು ಅಂಗಳದಲ್ಲಿ ನಿಂತಿದ್ದರು. ಮಳೆಯಿರಲಿ ಬಿಸಿಲಿರಲಿ ಛತ್ರಿಯಿಲ್ಲದೆ ಹೊರಗೆ ಕಾಲಿಡದ ಮನುಷ್ಯ. ಮನೆಯ ಅಂಗಳದಲ್ಲೂ ಅದು ಮೊಣಕೈಗೆ ತೂಗುತ್ತಿತ್ತು. ಅವರ ಬೇರೆ ಗದ್ದೆಗಳೂ ಹಣ್ಣಾಗಿ ನಿಂತಿದ್ದವು. ಕೊಯ್ಯಲು ಕುಡುಗೋಲಿಲ್ಲ, ಯಾರ ಮನೆಯಲ್ಲಾದರೂ ಎರವಲು ಕೇಳೋಣವೆಂದರೆ ಪೊಲೀಸರು ಮನೆ ಹೊಕ್ಕು ಆಯುಧ ತೆಗೆದುಕೊಂಡು ಹೋದ ಮನುಷ್ಯ ಯಾವ ಮುಖದಿಂದ ಕೇಳಬೇಕು? ನಾನು ಬಯ್ಗುಳಕ್ಕೆ ಸಿದ್ಧನಾಗಿ ಹೋಗಿದ್ದೆ. ಅವರು ಬಯ್ಯಲಿಲ್ಲ.

'ಗದ್ದೆ ವಿಷ್ಯ ಬಿಡು ಮಾರಾಯ, ಅದು ನಂದೂ ಅಂತೀನಿ, ಅವನು ಅವಂದು ಅಂತಾನೆ, ಕೋರ್ಟು ಏನೋ ಹೇಳ್ತದೆ' ಎಂದರು. 'ನಿನ್ನಕ್ಕ ಈ ಮನೆಗೆ ಬಂದು ಇಪ್ಪತ್ತು ವರ್ಷಾತು. ಅವಳು ಎದುರು ಬಂದ್ರೆ ನಾನು ದಾರಿ ಬಿಟ್ಟು ನಿಲ್ತೀನಿ. ತಮ್ಮನ ಹೆಂಡ್ತಿ ಮೇಲೆ ಕುಡುಗೋಲು ಎತ್ತಿದೆ ಅಂತ ಬರ್ದ್ಯಲ್ಲ. ಅದನ್ನ ದಫೇದಾರ ಇದೇ ಅಂಗಳದಲ್ಲಿ ನಿಂತು ಓದಿದ, ಊರೆಲ್ಲ ಕೇಳ್ತು. ಎಂತಕ್ಕೆ ಹಂಗೆ ಬರ್ದೆ?'

ಎಲ್ಲರಿಗೂ ಹಾಗೇ ಬರೆಯುತ್ತೇವೆಂದು ಹೇಳಲು ಬಾಯಿ ತೆರೆದೆ. ಆ ಅಂಗಳದಲ್ಲಿ ಆ ಮಾತು ಹೊರಬರಲಿಲ್ಲ. ತಪ್ಪಾಯಿತು ಎಂದೆ.

'ತಪ್ಪಾಯ್ತು ಅಂತ ನನ್ನ ಹತ್ರ ಹೇಳಿದ್ರೆ ಏನು ಬಂತು? ಬರ್ದದ್ದನ್ನ ಬರ್ದೇ ಅಳ್ಸಬೇಕು. ಇದ್ದದ್ದು ಛತ್ರಿ ಅಂತ ಬರಿ. ನೀನು ಬರಿ, ಹೊಡೆದಾಟ ಮಾಡಲ್ಲ ಅಂತ ನಾನು ಸಹಿ ಹಾಕ್ತೀನಿ. ಪೈರು ಉಳೀಲಿ.'

ನೀವು ನನ್ನ ಜಾಗದಲ್ಲಿ ನಿಂತು ನೋಡಿ. ಬರೆದರೆ ನಾನು ಸುಳ್ಳುಗಾರನೆಂದು ನನ್ನ ಕೈಯಿಂದಲೇ ಒಪ್ಪಿದಂತೆ. ನನ್ನ ಮೇಲೆ ಕೇಸಾಗಬಹುದು, ಕಸುಬು ಹೋಗಬಹುದು. ಅದಕ್ಕಿಂತ ಹೆಚ್ಚಾಗಿ ಆ ಕಾಗದ ನಾಳೆ ಗದ್ದೆಯ ದಾವಾದಲ್ಲಿ ಯಾರ ಕೈ ಸೇರುತ್ತದೆಂದು ಅರ್ಜಿ ಬರೆಯುವ ನನಗೆ ಚೆನ್ನಾಗಿ ಗೊತ್ತಿತ್ತು. ಬರೆಯದಿದ್ದರೆ ಭತ್ತ ಮಣ್ಣಿಗೆ. ಅಕ್ಕನನ್ನು ಕೇಳೋಣವೆಂದು ಎದ್ದೆ, ಮತ್ತೆ ಕೂತೆ. ಕೇಳಿದ್ದರೆ ಭಾವ ಬೇಡವೆನ್ನುತ್ತಿದ್ದ, ನಾನು ಭಾವನ ಮೇಲೆ ಹಾಕಿ ತಪ್ಪಿಸಿಕೊಳ್ಳುತ್ತಿದ್ದೆ. ಅಲ್ಲೇ ಜಗಲಿಯ ಮೇಲೆ ಕಾಗದ ಹರಡಿದೆ. ದುಂಡಗಿನ ನನ್ನ ಅಕ್ಷರ ಆ ದಿನ ವಕ್ರವಾಗಿ ಬಂತು. ಅರ್ಜಿದಾರಳು ಹೇಳಿದ್ದು ಛತ್ರಿಯೆಂದು, ಕುಡುಗೋಲೆಂಬುದು ನಾನೇ ಸೇರಿಸಿದ ಮಾತೆಂದು ಬರೆದು, ಕೆಳಗೆ ನನ್ನ ಪೂರ್ತಿ ಹೆಸರು ಹಾಕಿದೆ.

ಮಾರನೆಯ ಬೆಳಗ್ಗೆ ಇಬ್ಬರೂ ಠಾಣೆಗೆ ಹೋದೆವು. ಸಬ್ ಇನ್ಸ್‌ಪೆಕ್ಟರು ಎರಡು ಸಲ ಓದಿದರು. ನಿಮ್ಮನ್ನು ಒಳಗೆ ಕೂರಿಸಬಹುದು, ಗೊತ್ತಿದೆಯೇ ಎಂದು ಕೇಳಿದರು. ಗೊತ್ತಿದೆ ಎಂದೆ. ಅವರು ಆ ಕಾಗದದ ಮೇಲೆ ಏನೋ ಬರೆದು, ಮ್ಯಾಜಿಸ್ಟ್ರೇಟರಿಗೆ ಕಳಿಸಿದರು. ಹುಕುಂ ತೆಗೆಯಲು ಮತ್ತೆ ನಾಲ್ಕು ದಿನ ಹಿಡಿಯಿತು. ಬೆಳೆಯನ್ನು ಯಾರು ಬಿತ್ತಿದ್ದರೋ ಅವರು ಕೊಯ್ದುಕೊಳ್ಳಲಿ, ನೆಲದ ಹಕ್ಕು ಕೋರ್ಟಿನಲ್ಲಿ ಎಂದಾಯಿತು. ಅಷ್ಟರಲ್ಲಿ ಅರ್ಧಕ್ಕರ್ಧ ಕಾಳು ಉದುರಿಹೋಗಿತ್ತು. ಅಕ್ಕ ಉಳಿದದ್ದನ್ನು ಕೊಯ್ದಳು, ಉದುರಿದ್ದನ್ನು ಕೆಸರಿನಿಂದ ಬೆರಳಲ್ಲಿ ಹೆಕ್ಕಿದಳು. ಪಕ್ಕದಲ್ಲಿ ಕೂತು ನಾನೂ ಹೆಕ್ಕಿದೆ.

ಠಾಣೆಗೆ ಹೋದ ಆ ದಿನವೇ ಕುಡುಗೋಲುಗಳನ್ನು ಹಿಂದಕ್ಕೆ ಕೊಟ್ಟರು. ಈರಪ್ಪನವರು ಗೋಣಿಯ ಗಂಟನ್ನು ಎರಡು ಕೈಯಲ್ಲಿ ಅವುಚಿಕೊಂಡು ಛತ್ರಿಯನ್ನು ನನಗೆ ಹಿಡಿಯಲು ಕೊಟ್ಟರು. ಸೊರಬದ ಬೀದಿಯಲ್ಲಿ ಇಬ್ಬರೂ ಬಸ್ಸು ನಿಲ್ಲುವಲ್ಲಿಯವರೆಗೆ ನಡೆದೆವು. ಅವರ ಬಸ್ಸು ಬಂದಾಗ ನಾನು ಛತ್ರಿ ಚಾಚಿದೆ.

'ನಿನ್ನ ಹತ್ರಾನೇ ಇರ್ಲಿ' ಎಂದರು. 'ಬರಿಯೋ ಮುಂಚೆ ಒಂದ್ಸಲ ನೋಡ್ಕೋ.'

ಹಗಲು ಹುಣಸೆಮರದ ಕೊಂಬೆಗೆ, ಮನೆಗೆ ಬಂದರೆ ಈ ಮೊಳೆಗೆ ಅದನ್ನು ತೂಗುಹಾಕಿಕೊಂಡು ನಾನು ಮುಂದಿನ ವರ್ಷಗಳನ್ನು ಕಳೆದೆ. ನನ್ನ ಗಿರಾಕಿಗಳು ಕಡಿಮೆಯಾದರು. ಇದ್ದದ್ದನ್ನು ಇದ್ದಹಾಗೆ ಬರೆಯುವವನ ಅರ್ಜಿಗೆ ಪೊಲೀಸರು ಬರುವುದಿಲ್ಲವೆಂದು ಊರಿಗೆ ತಿಳಿದುಹೋಯಿತು. ಹಾಗೆಂದು ನಾನು ದೊಡ್ಡ ಸತ್ಯವಂತನಾದೆನೆಂದು ತಿಳಿಯಬೇಡಿ. ಬರೆಯಲು ಹೆದರುವ ಮನುಷ್ಯನಾದೆ, ಅಷ್ಟೇ.

ನಾನು ಅಂಜಿದ್ದೂ ನಡೆದೇ ಹೋಯಿತು. ಗದ್ದೆಯ ದಾವಾ ವರ್ಷಗಟ್ಟಲೆ ಎಳೆಯಿತು. ಕೊನೆಗೆ ಈರಪ್ಪನವರ ವಕೀಲರು ನನ್ನ ಎರಡನೆಯ ಅರ್ಜಿಯನ್ನು ಕೋರ್ಟಿನಲ್ಲಿ ಓದಿ, ಛತ್ರಿಯನ್ನು ಕುಡುಗೋಲು ಮಾಡಿದ ಈ ಜನ ಬಾಯಿಮಾತಿನ ಪಾಲನ್ನು ಹುಟ್ಟಿಸಲಾರರೇ ಎಂದು ಕೇಳಿದರಂತೆ. ಖಾತೆ ಯಾರ ಹೆಸರಿನಲ್ಲಿತ್ತೋ ಗದ್ದೆ ಅವರಿಗಾಯಿತು. ಆ ಪಾಲು ನಿಜವಾಗಿ ಆಗಿತ್ತೆಂದು ನಾನು ಇಂದಿಗೂ ನಂಬಿದ್ದೇನೆ. ಒಂದು ನಿಜ ಹೇಳಿ ಇನ್ನೊಂದು ನಿಜವನ್ನು ನಾನೇ ಕೊಂದೆನೋ ಏನೋ. ಬಸಪ್ಪ ಭಾವ ಆಮೇಲೆ ನಮ್ಮ ಮನೆಯ ಹೊಸ್ತಿಲು ದಾಟಲಿಲ್ಲ. ಅಕ್ಕ ಬೇರೆಯವರ ಗದ್ದೆಗೆ ಕೊಯ್ಲಿಗೆ ಹೋಗಿ ಮನೆ ನಡೆಸಿದಳು.

ತೀರ್ಪಾದ ವರ್ಷ ಅವಳು ಒಮ್ಮೆ ಬಂದಳು. ನಡುಮನೆಯಲ್ಲಿ ನೀರು ಕುಡಿದು ಲೋಟ ಕೆಳಗಿಡುವಾಗ ಬಾಗಿಲ ಹಿಂದೆ ಕಣ್ಣು ಹೋಯಿತು. ಎದ್ದುಹೋಗಿ ಛತ್ರಿಯನ್ನು ಇಳಿಸಿಕೊಂಡು, ಬಿಚ್ಚಿ, ಹಿಡಿಯನ್ನೊಮ್ಮೆ ತಿರುಗಿಸಿ ನೋಡಿದಳು. ಅದು ಯಾರದೆಂದು ಅವಳಿಗೆ ಹೇಳಬೇಕಾಗಿರಲಿಲ್ಲ. ಮಡಿಸಿ ಮತ್ತೆ ಮೊಳೆಗೆ ಹಾಕಿದಳು.

'ಅವತ್ತೇ ಹೇಳಿದ್ನಲ್ಲೋ ಸಿದ್ದು, ಛತ್ರಿ ಅಂತ' ಎಂದಳು.

ಆ ಮಾತಿನಲ್ಲಿದ್ದದ್ದು ಸಿಟ್ಟೋ ಸಮಾಧಾನವೋ ನನಗೆ ತಿಳಿಯಲಿಲ್ಲ. ಕೇಳಲು ಧೈರ್ಯವಾಗಲಿಲ್ಲ. ಈಗ ಕೇಳೋಣವೆಂದರೆ ಅವಳಿಲ್ಲ. ಬೆಳಗ್ಗೆ ಎದ್ದು ಬಾಗಿಲ ಹಿಂದೆ ನೋಡಿದಾಗಲೆಲ್ಲ ಆ ಧ್ವನಿಯನ್ನು ನೆನಪಿಗೆ ತಂದುಕೊಂಡು ಸಿಟ್ಟಿತ್ತೇ, ಇರಲಿಲ್ಲವೇ ಎಂದು ಹುಡುಕುತ್ತೇನೆ.

ಈ ಯುಗಾದಿಗೆ ಸೊಸೆ ಎಂದಿನಂತೆ ಅದನ್ನು ಅಂಗಳದ ಮೂಲೆಯಲ್ಲಿ ಹಾಕಿದಳು. ನಾನು ಎತ್ತಿಕೊಂಡು ಬರುವಾಗ ಅವಳ ಸಹನೆಗೂ ಕೊನೆ ಬಂದಿತ್ತೆಂದು ಕಾಣುತ್ತದೆ. 'ಏನ್ ಮಾವ ಅದು, ಅಷ್ಟು ಜೋಪಾನ ಮಾಡೋವಂಥದ್ದು?' ಎಂದು ಕೇಳಿದಳು.

'ಛತ್ರಿ ಕಣಮ್ಮ' ಎಂದೆ.

ಅವಳು ನಕ್ಕಳು. 'ಛತ್ರಿ ಅಂತ ನಂಗೆ ಕಾಣಲ್ವಾ ಮಾವ?'

ಕಾಣುತ್ತದೆ ತಾಯಿ, ಯಾರಿಗಾದರೂ ಕಾಣುತ್ತದೆ ಎಂದುಕೊಂಡು, ಧೂಳು ಕೊಡವಿ, ಅದನ್ನು ಮೊಳೆಗೆ ಸಿಕ್ಕಿಸಿದೆ.